ಮೂವತ್ತು ಸೆಕೆಂಡು

ಜೆಸಿಂತಾ ಕ್ರಾಸ್ತಾ ತೆಗೆದದ್ದು ಒಟ್ಟು ಇಪ್ಪತ್ತೇಳು ಚಿತ್ರ.
ಎಲ್ಲದರಲ್ಲೂ ಮೈಕು ಹಿಡಿದವನು ನಾನು,
ತೆರೆಯ ಮೇಲೆ ಎಲ್ಲೂ ಇಲ್ಲದವನು.
ಒಮ್ಮೆ ಮಾತ್ರ, ಮೊಗ್ರಾಲಿನ ಮರಳಲ್ಲಿ,
ಕೋಲಿನ ನೆರಳಾಗಿ ಸಿಕ್ಕಿಬಿದ್ದಿದ್ದೇನೆ.

ಭಾನುವಾರ ಬೆಳಿಗ್ಗೆ, ಕೃಷಿ ವಾರ್ತೆ ಮುಗಿದು
ಮಕ್ಕಳ ಕಾರ್ಟೂನು ಶುರುವಾಗುವ ಮೊದಲು
ನಮ್ಮದೊಂದು ಇಪ್ಪತ್ತೆರಡು ನಿಮಿಷ.
ಅಷ್ಟರೊಳಗೆ ಕೇಳಿ ಮುಗಿಸಬೇಕು:
ಸಾಲ ಅಂದರೇನು.
ಸಾಕು ಅನ್ನುವುದು ಯಾವಾಗ.
ಸತ್ತವನ ಅಂಗಿಯನ್ನು ಯಾರು ತೊಡಬಹುದು.
ಗಡಿ ಎಲ್ಲಿದೆ.

ಬಸ್ಸು ಬದಲಿಸುವಲ್ಲಿ, ಎಂದಳು ತಲಪಾಡಿಯಲ್ಲಿ
ಬಂಗುಡೆ ಬುಟ್ಟಿಯ ಸೀತು ಮೊಗೇರ್ತಿ.
ಮೀನಿಗೆ ಗೊತ್ತಿಲ್ಲ ಅಕ್ಕ,
ಇಳಿದು ಹತ್ತುವ ನನ್ನ ಮೊಣಕಾಲಿಗೆ ಗೊತ್ತು.

ತಳಂಗರೆಯಲ್ಲಿ ಟೊಪ್ಪಿ ಹೊಲಿಯುವ ನಫೀಸುಮ್ಮ
ತಾಳ್ಮೆ ಅಂದರೇನೆಂದು ಕೇಳಿದ್ದಕ್ಕೆ
ಸೂಜಿ ಕೈಗಿಟ್ಟು, ದಾರ ಪೋಣಿಸು ಅಂದಳು.
ಜೆಸಿಂತಾ ಏಳು ಸಲ ತಪ್ಪಿದ್ದು
ಹಾಗೆಹಾಗೆಯೇ ಪ್ರಸಾರವಾಯಿತು.

ಚೆನ್ನಾಗಿದೆ ಮೇಡಂ, ಉತ್ತರ ಎಲ್ಲಿ?
ಕೇಂದ್ರದ ಅಧಿಕಾರಿ ಪ್ರತಿ ಸಲವೂ.
ಮುಂದಿನ ವಾರ, ಅನ್ನುತ್ತಿದ್ದಳು.
ಹೀಗೇ ಹತ್ತೊಂಬತ್ತು ವರ್ಷ.

ಆಮೇಲೆ ಬಾಯಾರಿನ ಮುರಕಲ್ಲು ಗುಡ್ಡ.
ಸುರಂಗ ತೋಡುವ ಕುಂಞಿಕಣ್ಣ ಮಣಿಯಾಣಿ
ನಲವತ್ತು ಕೋಲು ಒಳಗೆ ಕುಕ್ಕರುಗಾಲಲ್ಲಿ,
ಪಕ್ಕದಲ್ಲೊಂದು ಮೇಣದ ಬತ್ತಿ.
ನಾವು ಬ್ಯಾಟರಿ ದೀಪ ಹಾಕಿದೆವು.
ಗೋಡೆಯ ಮೇಲೆ ಪಿಕಾಸಿಯ ಹಲ್ಲಿನ ಗುರುತು,
ಬೆನ್ನ ಮೇಲೆ ಇಳಿಯುವ ಬೆವರು,
ಎಲ್ಲ ಚೆಂದಕ್ಕೆ ಚೆಂದ ಕಂಡಿತು.
ಅವನು ತಿರುಗದೆಯೇ ಹೇಳಿದ:
ಅದನ್ನು ಆರಿಸಿ.
ನಿಮ್ಮ ಬೆಳಕು ಗಾಳಿ ಇಲ್ಲದಿದ್ದರೂ ಉರಿಯುತ್ತದೆ.
ನನ್ನದು ಹಾಗಲ್ಲ,
ನನಗಿಂತ ಮೊದಲು ಸಾಯುತ್ತದೆ.

ಆರಿಸಿದಳು.
ಆ ಚಿತ್ರದ ಮುಕ್ಕಾಲು ಪಾಲು ಕತ್ತಲೆ.
ತಾಂತ್ರಿಕವಾಗಿ ಕಳಪೆ ಎಂದು ಪೇಪರಿನಲ್ಲೊಬ್ಬ ಬರೆದ.
ಅದನ್ನು ಕತ್ತರಿಸಿ ಪರ್ಸಿನಲ್ಲಿಟ್ಟುಕೊಂಡಳು,
ರೇಷನ್ ಕಾರ್ಡಿನ ಜೊತೆ.

ಎಲ್ಲಿ ಹೋದರೂ, ಕೆಲಸ ಮುಗಿದ ಮೇಲೆ
ಎಲ್ಲರನ್ನೂ ಸುಮ್ಮನಿರಿಸಿ ಮೂವತ್ತು ಸೆಕೆಂಡು
ಬರೀ ಜಾಗದ ಸದ್ದು ಹಿಡಿಯುವುದು ನನ್ನ ಕಸುಬು.
ಮಾತು ಕತ್ತರಿಸಿದಲ್ಲಿ ಗಾಯ ಕಾಣದ ಹಾಗೆ
ಹಚ್ಚುವ ತೇಪೆ ಅದು.
ಸುರಂಗದ್ದನ್ನು ಇಡಿಯಾಗಿ ಹಾಕೋಣ ಅಂದಳು.
ಟೀವಿ ಕೆಟ್ಟಿತೆಂದು ಜನ ಅದರ ತಲೆಗೆ ಕುಟ್ಟುತ್ತಾರೆ,
ಅಂದ ಅಧಿಕಾರಿ.
ಕುಟ್ಟಲಿ ಸಾರ್, ಟೊಳ್ಳೋ ಗಟ್ಟಿಯೋ ತಿಳಿಯುತ್ತದೆ.
ಹಾಕಗೊಡಲಿಲ್ಲ.

ಈಗ ಒಂಬತ್ತು ಚಿತ್ರಗಳಿಗೆ ಬೂಷ್ಟು.
ಆರರ ಮೇಲೆ ಕೇಂದ್ರದವರೇ
ಕಬಡ್ಡಿ ಪಂದ್ಯ ತುಂಬಿಸಿದ್ದಾರೆ.
ಉಳಿದವು ಎಲ್ಲಿವೆಯೋ, ಕೇಳಿದರೆ
ಅರ್ಜಿ ಕೊಡಿ ಅನ್ನುತ್ತಾರೆ.
ನನ್ನ ಬಳಿ ಇರುವುದು ಆ ಅರ್ಧರ್ಧ ನಿಮಿಷಗಳು,
ಬಿಸ್ಕತ್ತಿನ ಡಬ್ಬದಲ್ಲಿ, ಒಂದಿಷ್ಟು ಅಕ್ಕಿಯ ಜೊತೆ,
ತೇವ ಹೀರಲಿ ಎಂದು.

ಬೇಳದ ಇಗರ್ಜಿ ಹಿಂದಿನ ಬಾಡಿಗೆ ಕೋಣೆ.
ಸಕ್ಕರೆ ಕಾಯಿಲೆ ಅವಳ ಕಣ್ಣು ತಿಂದಿದೆ.
ಒಂದೊಂದೇ ಸ್ಪೂಲು ಹಾಕುತ್ತೇನೆ.
ಶಿರಿಯ ಸೇತುವೆಯ ಕೆಳಗೆ, ಅನ್ನುತ್ತಾಳೆ ಖಚಿತವಾಗಿ.
ಅದು ಉಪ್ಪಳದ ಮೀನು ಮಾರ್ಕೆಟ್ಟು, ಮುಚ್ಚಿದ ಮೇಲೆ.
ತಿದ್ದುವುದಿಲ್ಲ ನಾನು.

ಸುರಂಗದ್ದು ಬಂತು.
ಒಂದು ಹನಿ. ಬಹಳ ಹೊತ್ತು. ಇನ್ನೊಂದು.
ಯಾರೋ ಉಸಿರಾಡುತ್ತಿದ್ದಾರೆ, ಅಂದಳು.
ಕುಂಞಿಕಣ್ಣ ಇರಬೇಕು.
ಅಲ್ಲ, ಅವನದು ನಿಧಾನ. ಇದು ನೀನು.
ಹೆದರಿದ್ದೀ.

ತೆಗೆಯಬೇಕಿತ್ತು ಅದನ್ನು, ಅಂದೆ.
ಯಾಕೆ, ಅಂದಳು, ಮುಖ ನನ್ನತ್ತ ತಿರುಗಿಸಿ.
ಅವಳು ನನ್ನನ್ನು ಏನನ್ನಾದರೂ ಕೇಳಿದ್ದು ಅದೇ ಮೊದಲು.
ಟೇಪು ಮುಗಿದರೂ ಚಕ್ರ ಸುತ್ತುತ್ತಿತ್ತು,
ತುದಿ ಪಟಪಟ ಬಡಿಯುತ್ತ.